ಒಂದೇ ಶಾಲೆಗೆ ಇಬ್ಬರು ಕಾರ್ಯದರ್ಶಿ: ಕೋರ್ಟು ಕಂಡವರು ಸ್ವಲ್ಪ ಹೇಳಿ

ನಮ್ಮೂರಿನ ಅನುದಾನಿತ ಹೈಸ್ಕೂಲು ಒಂದು ಸಂಘದ್ದು. ಅಧ್ಯಕ್ಷರು ತೀರಿಕೊಂಡ ಮೇಲೆ ಎರಡು ಗುಂಪಾಗಿ ಎರಡು ಮಹಾಸಭೆ ಆಯಿತು. ಈಗ ಇಬ್ಬರೂ ತಾವೇ ಆಡಳಿತ ಮಂಡಳಿ ಅಂತಾರೆ. ಸಂಬಳದ ಬಿಲ್ಲಿಗೆ ಯಾರ ಸಹಿ ಅಂತ ತಿಳಿಯದೆ ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಆಫೀಸಿನಲ್ಲಿ ಫೈಲು ಕೂತಿದೆ. ನಾನು ಬರೀ ಸದಸ್ಯ. ಎಲ್ಲಿಗೆ ಹೋಗಬೇಕು?

ಹಳೆಯ ಸಮಿತಿ ಸದಸ್ಯ:
ಸಾರ್, ನಾವು ಮಾಡಿದ ತಪ್ಪು ಮಾಡಬೇಡಿ. ಸಂಘಗಳ ನೋಂದಣಿ ಕಾಯ್ದೆ 1960ರ ಸೆಕ್ಷನ್ 25ರಲ್ಲಿ ವಿಚಾರಣೆ ಕೇಳಬಹುದು ಅಂತ ಯಾರೋ ಹೇಳಿದರು, ಮೂರನೇ ಒಂದು ಭಾಗ ಸದಸ್ಯರ ಸಹಿ ಹಾಕಿಸಿ ರಿಜಿಸ್ಟ್ರಾರ್‌ಗೆ ಅರ್ಜಿ ಕೊಟ್ಟೆವು, ಎರಡು ವರ್ಷ ಓಡಾಡಿದೆವು. ಆದೇಶ ನಮ್ಮ ಕಡೆ ಬಂತು, ಆ ಕಡೆಯವರು ಹೈಕೋರ್ಟಿಗೆ ಹೋಗಿ ಒಂದೇ ಏಟಿಗೆ ರದ್ದು ಮಾಡಿಸಿಕೊಂಡು ಬಂದರು. ಚುನಾವಣೆಯಲ್ಲಿ ಗೆದ್ದವರು ಯಾರು ಅಂತ ತೀರ್ಮಾನ ಮಾಡುವುದು ರಿಜಿಸ್ಟ್ರಾರ್ ಕೆಲಸ ಅಲ್ಲ, ಸಿವಿಲ್ ಕೋರ್ಟಿನದು. ಸೆಕ್ಷನ್ 13ರಲ್ಲಿ ವರ್ಷ ವರ್ಷ ರಿಜಿಸ್ಟ್ರಾರ್‌ಗೆ ಕೊಡುವ ಆಡಳಿತ ಮಂಡಳಿ ಪಟ್ಟಿಯಲ್ಲಿ ಹೆಸರಿದೆ ಅಂತ ಕುಣಿಯುವುದೂ ಸುಮ್ನೆ, ಅಷ್ಟರಿಂದಲೇ ಹಕ್ಕು ಬರಲ್ಲ.

ಆಮೇಲೆ ದಾವೆ ಹಾಕಿದೆವು. ಅಲ್ಲಿ ಭಾಷಣ ಕೇಳಲ್ಲ, ಕಾಗದ ಕೇಳುತ್ತಾರೆ. ಬೈಲಾ, ಸದಸ್ಯರ ರಿಜಿಸ್ಟರ್, ಸಭೆಯ ನೋಟಿಸು, ನಡಾವಳಿ ಪುಸ್ತಕ. ಆ ಕಡೆಯವರು 2013ರ ಸಭೆಗೆ ನೋಟಿಸನ್ನು ಸರ್ಟಿಫಿಕೇಟ್ ಆಫ್ ಪೋಸ್ಟಿಂಗ್‌ನಲ್ಲಿ ಕಳಿಸಿದ್ದೇವೆ ಅಂತ ಸೀಲಿರುವ ಚೀಟಿ ತಂದಿಟ್ಟರು. ಅಂಚೆ ಇಲಾಖೆ ಆ ಸೇವೆಯನ್ನು 2011ರಲ್ಲೇ ನಿಲ್ಲಿಸಿದೆ! ನಮ್ಮ ವಕೀಲರು ಆವತ್ತು ಬೇರೆ ಪ್ರಶ್ನೆಯನ್ನೇ ಕೇಳಲಿಲ್ಲ.

ವಕೀಲರ ಆಫೀಸಿನವ:
ಮೊದಲು ಅದು ಸಂಘವೋ ಟ್ರಸ್ಟೋ ನೋಡಿಕೊಳ್ಳಿ, ಎಷ್ಟೋ ಜನಕ್ಕೆ ಇದೇ ಗೊತ್ತಿರಲ್ಲ. ಸಾರ್ವಜನಿಕ ಟ್ರಸ್ಟಾದರೆ ಟ್ರಸ್ಟಿಯನ್ನು ತೆಗೆಸಲು ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಸೆಕ್ಷನ್ 92ರ ದಾರಿ. ಆಸಕ್ತಿ ಇರುವ ಇಬ್ಬರಾದರೂ ಸೇರಬೇಕು, ಕೋರ್ಟಿನ ಅನುಮತಿ ತಗೊಂಡೇ ದಾವೆ ಹೂಡಬೇಕು. ಆ ಕಡೆಯವರು ಮೊದಲೇ ಹೋಗಿ ತಡೆಯಾಜ್ಞೆ ತರಬಹುದು ಅನ್ನಿಸಿದರೆ ಇವತ್ತೇ ಕೇವಿಯಟ್ ಹಾಕಿಸಿ, ಅಂದರೆ ನಮ್ಮ ಮಾತು ಕೇಳದೆ ಆದೇಶ ಕೊಡಬೇಡಿ ಅಂತ ಕೋರ್ಟಿಗೆ ಮೊದಲೇ ಕೊಡುವ ಅರ್ಜಿ. ತೊಂಬತ್ತು ದಿನ ಮಾತ್ರ ಜೀವ ಅದಕ್ಕೆ, ತಾರೀಖು ಬರೆದಿಟ್ಟುಕೊಳ್ಳಿ.

ನಿವೃತ್ತ ಮೇಷ್ಟ್ರು:
ಮಂಡಳಿ ಜಗಳ ಹತ್ತು ವರ್ಷ ನಡೆಯಲಿ, ಸಂಬಳ ಕಾಯಲ್ಲ ಅಲ್ವಾ? ನಮಗೆ ಏಳು ತಿಂಗಳು ನಿಂತಿತ್ತು. ಕಿರಾಣಿ ಅಂಗಡಿಯವರು ಉದ್ರಿ ಪುಸ್ತಕ ಮುಚ್ಚಿಬಿಟ್ಟರು. ಕೊನೆಗೆ ಶಿಕ್ಷಕರೇ ಸೇರಿ ಹೈಕೋರ್ಟಿನ ಧಾರವಾಡ ಪೀಠದಲ್ಲಿ ರಿಟ್ ಅರ್ಜಿ ಹಾಕಿದೆವು. ಯಾವ ಗುಂಪಿನ ಪರವೂ ಒಂದು ಮಾತು ಬರೆಸಲಿಲ್ಲ, ಬರೀ ಸಂಬಳ ಕೇಳಿದೆವು. ಕೇಸು ಮುಗಿಯುವವರೆಗೆ ಮುಖ್ಯೋಪಾಧ್ಯಾಯರ ಸಹಿಯಲ್ಲೇ ಬಿಲ್ಲು ಪಾಸು ಮಾಡಿ ಅಂತ ಆದೇಶ ಆಯಿತು.

ಪ್ರಶ್ನೆ ಕೇಳಿದವರು:
ಎಲ್ಲರಿಗೂ ಥ್ಯಾಂಕ್ಸ್. ನಿನ್ನೆ ಎರಡೂ ಸಭೆಗಳ ಹಾಜರಿ ಪಟ್ಟಿ ನೋಡಿದೆ. ಎರಡರಲ್ಲೂ ನನ್ನ ಸಹಿ ಇದೆ. ನಾನು ಯಾವ ಸಭೆಗೂ ಹೋಗಿರಲಿಲ್ಲ.

ಹಳೆಯ ಸಮಿತಿ ಸದಸ್ಯ:
ಅಯ್ಯೋ! ವಕೀಲರ ಹತ್ತಿರ ಹೋಗುವಾಗ ಆ ಎರಡು ಹಾಳೆಯ ಜೆರಾಕ್ಸ್ ಮರೆಯಬೇಡಿ. ನಿಮ್ಮ ಬ್ಯಾಂಕ್ ಪಾಸ್‌ಬುಕ್ಕೂ ಇರಲಿ, ನಿಜವಾದ ಸಹಿ ತೋರಿಸಬೇಕಾಗುತ್ತೆ.