ಕುಡಿದಾಗ ಮಾತ್ರ ಪ್ರೀತಿ ಹೇಳುವವನನ್ನು ಮದುವೆಯಾಗಬಹುದಾ?

ತುಂಗೆ ದಡದವಳು
ನಾನು ಶಿವಮೊಗ್ಗದವಳು. ಕಾಲೇಜಿನಿಂದಲೂ ಒಬ್ಬನನ್ನು ಪ್ರೀತಿಸುತ್ತಿದ್ದೇನೆ. ಹಗಲು ಅವನದು ಮಾತೇ ಕಡಿಮೆ. ರಾತ್ರಿ ಕುಡಿದ ಮೇಲೆ ಫೋನ್ ಮಾಡಿ, ‘ನೀನಿಲ್ಲದೆ ಬದುಕಲ್ಲ’ ಅಂತ ಅಳುತ್ತಾನೆ. ಬೆಳಿಗ್ಗೆ ಕೇಳಿದರೆ ಏನೂ ನೆನಪಿರುವುದಿಲ್ಲ. ಎರಡೇ ಪೆಗ್ ಕುಡಿದಿದ್ದೆ ಅನ್ನುತ್ತಾನೆ. ಅವರಮ್ಮ ‘ಮದುವೆ ಆದ್ರೆ ಸರಿ ಹೋಗ್ತಾನೆ, ನೀನೇ ಬಿಡಿಸ್ಬೇಕು’ ಅಂತಾರೆ. ಆನ್‌ಲೈನಿನಲ್ಲಿ ಒಂದು ಪುಡಿ ನೋಡಿದೆ. ಗೊತ್ತಾಗದ ಹಾಗೆ ಕಾಫಿಗೆ ಹಾಕಿದರೆ ಕುಡಿತ ಬಿಡುತ್ತಾರಂತೆ. ಯಾರಾದರೂ ಬಳಸಿದ್ದೀರಾ?

ಹಾಸನದ ಅಕ್ಕ
ತಂಗಿ, ಆ ಪುಡಿ ಬೇಡವೇ ಬೇಡ. ಅದರಲ್ಲಿ ಏನು ಬೆರೆಸಿರುತ್ತಾರೋ ಗೊತ್ತಿಲ್ಲ. ಕುಡಿತ ಬಿಡಿಸಲು ಕೊಡುವ ಡೈಸಲ್ಫಿರಾಂ ಅಂತ ಒಂದು ಮಾತ್ರೆ ಇದೆ, ಅದನ್ನೇ ಬೆರೆಸಿದ್ದರೂ ಬೆರೆಸಿರಬಹುದು. ಅದು ಮೈಯಲ್ಲಿರುವಾಗ ಕುಡಿದರೆ ಮುಖ ಕೆಂಪಾಗಿ, ಎದೆ ಡವಡವ ಹೊಡೆದುಕೊಂಡು, ವಾಂತಿಯಾಗಿ, ಬಿಪಿ ಇಳಿಯುತ್ತದೆ. ಜೀವವೇ ಹೋಗಬಹುದು. ಮಾತ್ರೆ ನಿಲ್ಲಿಸಿ ಎರಡು ವಾರದ ತನಕವೂ ಆ ಅಪಾಯ ಇರುತ್ತದೆ. ಅದಕ್ಕೇ ಡಾಕ್ಟರು ಎಲ್ಲ ತಿಳಿಸಿ, ಕುಡಿಯುವವನು ಒಪ್ಪಿದ ಮೇಲಷ್ಟೇ ಕೊಡುತ್ತಾರೆ.

ಇನ್ನೊಂದು ಮಾತು. ಎರಡು ಪೆಗ್ಗಿಗೆ ರಾತ್ರಿಯ ಮಾತೆಲ್ಲ ಮರೆತುಹೋಗಲ್ಲ. ಮರೆವು ನಾಟಕ ಅಂತ ಹೇಳುತ್ತಿಲ್ಲ. ಬೇಗ ಬೇಗ, ಜಾಸ್ತಿ ಕುಡಿದಾಗ ಮನುಷ್ಯ ಮಾತಾಡುತ್ತಾ ಓಡಾಡುತ್ತಾ ಇದ್ದರೂ ಮಿದುಳು ಅದನ್ನು ನೆನಪಿಗೆ ಸೇರಿಸಿಕೊಳ್ಳಲ್ಲ. ಅಂದರೆ ಅವನು ಲೆಕ್ಕ ತಪ್ಪಿಸಿ ಹೇಳುತ್ತಿದ್ದಾನೆ.

ನನ್ನ ಗಂಡನೂ ಕುಡಿದಾಗಲೇ ಮನಸ್ಸು ಬಿಚ್ಚುತ್ತಿದ್ದರು. ಆ ಮಾತಿಗಾಗಿ ನಾನು ಕಾಯುತ್ತಿದ್ದೆ ಕೂಡ. ಸಿನಿಮಾದಲ್ಲಿ ಬಾಟಲಿ ಹಿಡಿದು ಅಳುವವನೇ ನಿಜವಾದ ಪ್ರೇಮಿ ಅಂತ ತೋರಿಸುತ್ತಾರೆ, ಅಲ್ವಾ? ಮನೆಯಲ್ಲಿ ಹಾಗಿರಲ್ಲ. ಅವರು ಕುಡಿದು ಅತ್ತ ರಾತ್ರಿಯ ಮರುದಿನ ಮಗುವಿನ ಫೀಸಿಗಿಟ್ಟ ದುಡ್ಡು ಇರುತ್ತಿರಲಿಲ್ಲ. ಮದುವೆಯೂ ಬಿಡಿಸಲಿಲ್ಲ, ಮಗುವೂ ಬಿಡಿಸಲಿಲ್ಲ. ಕೊನೆಗೆ ಅವರೇ ಬೆಂಗಳೂರಿನ ನಿಮ್ಹಾನ್ಸ್‌ಗೆ ಹೋಗಿ ವ್ಯಸನ ವಿಭಾಗದಲ್ಲಿ ತೋರಿಸಿಕೊಂಡರು. ಈಗ ಮಾತು ಕಡಿಮೆಯೇ. ಆದರೆ ‘ಊಟ ಆಯ್ತಾ’ ಅಂತ ಅವರು ಕೇಳಿದ್ದು ಮರುದಿನ ಇಬ್ಬರಿಗೂ ನೆನಪಿರುತ್ತದೆ. ನನಗೆ ಅಷ್ಟು ಸಾಕು.

ವಾರ್ಡ್ ನರ್ಸ್
ಅಕ್ಕ ಹೇಳಿದ್ದು ಸರಿ. ‘ನಾಳೆಯಿಂದಲೇ ಬಿಟ್ಟರೆ ಮದುವೆ’ ಅಂತ ಷರತ್ತು ಮಾತ್ರ ಹಾಕಬೇಡಿ. ದಿನಾ ಜಾಸ್ತಿ ಕುಡಿಯುವವರು ಒಮ್ಮೆಲೇ ನಿಲ್ಲಿಸಿದರೆ ಕೈ ನಡುಗುತ್ತದೆ, ಫಿಟ್ಸ್ ಬರಬಹುದು, ಎರಡು ಮೂರು ದಿನದಲ್ಲಿ ಇಲ್ಲದ್ದೆಲ್ಲ ಕಾಣಿಸಬಹುದು. ಡಾಕ್ಟರ ಕಣ್ಣಳತೆಯಲ್ಲೇ ಬಿಡಿಸಬೇಕು. ಸರ್ಕಾರದ ಉಚಿತ ಸಹಾಯವಾಣಿ 14446.

ಮಂಗಳೂರು ಮಳೆ
ಧರ್ಮಸ್ಥಳದವರ ಮದ್ಯವರ್ಜನ ಶಿಬಿರಗಳೂ ಇವೆ. ನಮ್ಮ ಚಿಕ್ಕಪ್ಪ ಅಲ್ಲೇ ಬಿಟ್ಟರು. ಆಮೇಲೂ ನವಜೀವನ ಸಮಿತಿ ಅಂತ, ಕುಡಿತ ಬಿಟ್ಟ ಜೊತೆಯವರು ಸೇರುತ್ತಾರೆ.

ತುಂಗೆ ದಡದವಳು
ಎಲ್ಲರಿಗೂ ಥ್ಯಾಂಕ್ಸ್. ಪುಡಿ ತರಿಸಲ್ಲ. ಹಗಲಿನಲ್ಲಿ, ಅವನು ಕುಡಿಯದೇ ಇರುವಾಗ ಎದುರು ಕೂತು ಮಾತಾಡುತ್ತೇನೆ. ಮದುವೆ ಮಾತು ಸದ್ಯಕ್ಕೆ ಬೇಡ ಅಂತ ಮನೆಯಲ್ಲೂ ಹೇಳುತ್ತೇನೆ. ಅಕ್ಕ, ಅವನು ಡಾಕ್ಟರ ಹತ್ತಿರ ಬರಲ್ಲ ಅಂದರೆ ನಾನೊಬ್ಬಳೇ ಏನು ಮಾಡಲಿ?

ಹಾಸನದ ಅಕ್ಕ
ಅಲ್-ಅನಾನ್ ಅಂತ ಗುಂಪು ಇದೆ. 1951ರಲ್ಲಿ ಅಮೆರಿಕದಲ್ಲಿ ಶುರುವಾಗಿದ್ದು, ಕುಡಿಯುವವರ ಮನೆಯವರಿಗೆ, ಸ್ನೇಹಿತರಿಗೆ. ಹೆಂಡತಿಯೇ ಆಗಿರಬೇಕು ಅಂತಿಲ್ಲ, ನೀನೂ ಹೋಗಬಹುದು. ಫೀಸಿಲ್ಲ, ಪೂರ್ತಿ ಹೆಸರೂ ಹೇಳಬೇಕಿಲ್ಲ. ಆನ್‌ಲೈನ್ ಮೀಟಿಂಗೂ ಇರುತ್ತದೆ. ಅವನು ಬರಲಿ ಬಿಡಲಿ, ನೀನು ಹೋಗು.