ಚದರ ಕಿಲೋಮೀಟರಿನಲ್ಲಿ ಎಷ್ಟು ಚದರ ಮೀಟರ್? ಮಕ್ಕಳಿಗೆ ನೀವು ಹೇಗೆ ಹೇಳಿಕೊಟ್ರಿ?

ಮಗಳಿಗೆ ಹದಿಮೂರು ವರ್ಷ. "ಕಿಲೋ ಅಂದ್ರೆ ಸಾವಿರ ತಾನೇ" ಅಂತ 1 ಚದರ ಕಿಲೋಮೀಟರಿಗೆ 1,000 ಚದರ ಮೀಟರ್ ಬರೆದು ಬಂದಿದ್ದಾಳೆ. ಸರಿ ಉತ್ತರ 10,00,000 ಅಂತ ನನಗೆ ಗೊತ್ತು. ಆದರೆ ಅವಳು ಹೆಕ್ಟೇರ್ ಎತ್ತಿದಾಗ ನಾನೇ ತಡವರಿಸಿದೆ. ಹೆಕ್ಟೋ ಅಂದರೆ ನೂರು, 1 ಹೆಕ್ಟೇರ್ ಅಂದರೆ 100 ಆರ್ (ಆರ್ ಅನ್ನೋದು ನೆಲ ಅಳೆಯೋ ಒಂದು ಮಾನ). ಅಲ್ಲಿ ಮಾತ್ರ ನೂರು ನೂರಾಗಿಯೇ ಯಾಕೆ ಉಳೀತು? ಬಾಯಿಪಾಠ ಮಾಡಿಸೋಕೆ ಮನಸ್ಸಿಲ್ಲ. ಅನುಭವ ಇದ್ದವರು ಹೇಳಿ.

*

ಮೇಡಂ, ಒಂದು ಗ್ರಾಫ್ ಹಾಳೆ ಕೊಡಿ. ಪಾಠ ಮಾಡುವಾಗ ನಾನು 1 ಸೆಂ.ಮೀ. ಚೌಕದ ಸುತ್ತ ಪೆನ್ಸಿಲಿನಲ್ಲಿ ಗೆರೆ ಹಾಕಿಸಿ, ಒಳಗಿನ ಮಿಲಿಮೀಟರ್ ಮನೆಗಳನ್ನು ಎಣಿಸೋಕೆ ಹೇಳ್ತೀನಿ. ಮೊದಲ ಸಾಲು ಹತ್ತು, ಎರಡನೇ ಸಾಲು ಇಪ್ಪತ್ತು. ಮೂರನೇ ಸಾಲಿಗೆ ಬರೋಷ್ಟರಲ್ಲಿ ಮಗು ಪೆನ್ಸಿಲ್ ಎತ್ತಿ "ಹತ್ತು ಹತ್ಲ ನೂರು" ಅನ್ನುತ್ತೆ. ಅಷ್ಟು ಸಾಕು, ಉಳಿದದ್ದು ಅದರ ಹಿಂದೆಯೇ ಬರುತ್ತೆ.

ಆಮೇಲೆ ಪದದ ಕಡೆ ನೋಡಿಸಿ. ನಾವು "ಚದರ ಕಿಲೋಮೀಟರ್" ಅಂತೀವಿ, "ಕಿಲೋ ಚದರ ಮೀಟರ್" ಅನ್ನಲ್ಲ. ಕಿಲೋ ಮೊದಲು ಮೀಟರಿಗೆ ಅಂಟಿಕೊಳ್ಳುತ್ತೆ, ಆಮೇಲೆ ಆ ಇಡೀ ಕಿಲೋಮೀಟರ್ ಚದರವಾಗುತ್ತೆ. ಅಂದಮೇಲೆ ಒಳಗಿದ್ದ ಸಾವಿರವೂ ವರ್ಗ ಆಗಲೇಬೇಕು: 1,000 × 1,000. ಎಸ್‌ಐ ಪದ್ಧತಿಯ ನಿಯಮವೂ ಇದೇ. ಸೆಂಟಿಗೂ ಅಷ್ಟೇ, 1 ಚದರ ಸೆಂ.ಮೀ. ಅಂದರೆ ಚದರ ಮೀಟರಿನ ಹತ್ತು ಸಾವಿರದ ಒಂದು ಪಾಲು.

*

ಹೆಕ್ಟೇರ್ ವಿಷಯ ನಾನು ಹೇಳ್ತೀನಿ. 1795ರಲ್ಲಿ ಫ್ರಾನ್ಸ್ ಮೆಟ್ರಿಕ್ ಕಾನೂನು ತಂದಾಗ 10 ಮೀಟರ್ ಬದಿಯ ಚೌಕಕ್ಕೆ ಆರ್ ಅಂತ ಹೆಸರಿಟ್ಟರು. ಅದು ಉದ್ದದ ಮಾನ ಅಲ್ಲ, ಹುಟ್ಟಿದ್ದೇ ವಿಸ್ತೀರ್ಣದ ಮಾನವಾಗಿ. ವರ್ಗ ಮಾಡೋ ಕೆಲಸ ಅದರೊಳಗೆ ಮುಗಿದಿದೆ, ಹೆಕ್ಟೋ ಬಂದು ಬರೀ ನೂರು ಪಟ್ಟು ಮಾಡುತ್ತೆ: 100 × 100 ಚ.ಮೀ., ಅಂದರೆ 10,000. ಅದನ್ನೇ ಚದರ ಹೆಕ್ಟೋಮೀಟರ್ ಅಂತ ಲೆಕ್ಕ ಹಾಕಿದರೂ, ಬದಿ 100 ಮೀಟರ್, ಮತ್ತೆ 10,000. ಅಂಥ ನೂರು ಹೆಕ್ಟೇರ್ ಸೇರಿದರೆ 1 ಚದರ ಕಿಲೋಮೀಟರ್.

*

ನಾನು ವೈರಿಂಗ್ ಕೆಲಸದವನು. 2.5 ಸ್ಕ್ವೇರ್ ಎಂಎಂ ವೈರ್ ಅಂದರೆ 2.5 ಎಂಎಂ ದಪ್ಪ ಅಂತ ಹೊಸ ಹುಡುಗರು ತಿಳ್ಕೊಂಡಿರ್ತಾರೆ. ಅದು ತಾಮ್ರದ ಅಡ್ಡಕೊಯ್ತದ ವಿಸ್ತೀರ್ಣ. ಒಂಟಿ ಎಳೆಯ ವೈರಾದರೆ ವ್ಯಾಸ ಸುಮಾರು 1.8 ಎಂಎಂ ಮಾತ್ರ.

ಕಲಿಯೋ ದಿನಗಳಲ್ಲಿ ನಾನೂ ಮಗಳ ತಪ್ಪನ್ನೇ ಮಾಡಿದ್ದೆ. 100 ಮೀಟರ್ ವೈರಿನ ರೆಸಿಸ್ಟೆನ್ಸ್ ತೆಗೆಯೋಕೆ 2.5ನ್ನು ಸಾವಿರದಿಂದ ಭಾಗಿಸಿ 0.0025 ಚದರ ಮೀಟರ್ ಅಂತ ಹಾಕಿದೆ. ಉತ್ತರ 0.0007 ಓಮ್ ಬಂತು. ನಿಜವಾಗಿ ಬರಬೇಕಾದ್ದು ಸುಮಾರು 0.7. ಮಿಲಿ ಎರಡು ಸಲ ಲೆಕ್ಕಕ್ಕೆ ಬರಬೇಕಿತ್ತು, 0.0000025. ಕಾಗದದ ಮೇಲೆ ಮೂರು ಸೊನ್ನೆ, ಆದರೆ ಅದನ್ನು ನಂಬಿ ವೈರ್ ಎಳೆದರೆ ಆ ಕಡೆ ವೋಲ್ಟೇಜ್ ಎಷ್ಟು ಇಳಿಯುತ್ತೆ ಅನ್ನೋ ಅಂದಾಜೇ ತಪ್ಪುತ್ತೆ. ಈ ಲೆಕ್ಕ ಮಗಳ ಹತ್ತಿರ ಮಾಡಿಸಿ ನೋಡಿ.

*

ಇನ್ನೊಂದು ಮಾತು. "5 ಚದರ ಕಿ.ಮೀ." ಬೇರೆ, "5 ಕಿ.ಮೀ. ಚದರ" ಬೇರೆ. ಎರಡನೆಯದನ್ನು ಬದಿ 5 ಕಿ.ಮೀ. ಅಂತ ಓದಿದರೆ 25 ಚದರ ಕಿ.ಮೀ. ಆಗುತ್ತೆ. ಬರೆಯುವಾಗ ಎಚ್ಚರ ಇರಲಿ.

*

ಎಲ್ಲರಿಗೂ ಧನ್ಯವಾದ. ನಿನ್ನೆ ಸಂಜೆ ಗ್ರಾಫ್ ಹಾಳೆ ಕೊಟ್ಟೆ, ಅವಳು ಎರಡನೇ ಸಾಲಿಗೇ ನಿಲ್ಲಿಸಿದಳು. ಹೆಕ್ಟೇರ್ ವಿವರಣೆ ಓದಿ ಹೇಳಿದ ಮೇಲೆ ಸ್ವಲ್ಪ ಹೊತ್ತು ಸುಮ್ಮನಿದ್ದು, "ಅಮ್ಮಾ, ಹಾಗಾದ್ರೆ ಲೀಟರೂ ಆರ್ ಥರಾನೇ ಅಲ್ವಾ? ಘನ ಮೀಟರಿಗೆ ಹತ್ತು ಲಕ್ಷ ಘನ ಸೆಂಟಿಮೀಟರ್, ಆದ್ರೆ ಲೀಟರಿಗೆ ಸಾವಿರವೇ ಮಿಲಿಲೀಟರ್" ಅಂದಳು.