ಡಿಕ್ರಿ ಆಗಿದೆ, ಅಪ್ಪನಿಗೆ ಜೈಲು ನೋಟಿಸ್ ಬಂದಿದೆ. ಏನು ಮಾಡಬೇಕು?

ಭಟ್ಟಿಮನೆ ಹುಡುಗ, ದಾವಣಗೆರೆ:

ನಮ್ಮದು ಮಂಡಕ್ಕಿ ಭಟ್ಟಿ. 2017ರಲ್ಲಿ ಅಪ್ಪ ಬ್ಯಾಂಕಿನಿಂದ 6 ಲಕ್ಷ ಸಾಲ ತೆಗೆದಿದ್ದರು. ಅವ್ವ ಜಾಮೀನು. 2020ರಲ್ಲಿ ಸಂತೆ, ಜಾತ್ರೆ ಎಲ್ಲಾ ನಿಂತು ಭಟ್ಟಿ ಆರಿತು, ಕಂತು ತಪ್ಪಿತು. ಬ್ಯಾಂಕಿನವರು ದಾವಾ ಹಾಕಿದರು. ಸಮನ್ಸ್ ಬಂದಾಗ ಅಪ್ಪ ಹೆದರಿ ತೆಗೆದುಕೊಳ್ಳಲಿಲ್ಲ. ನಾವಿಲ್ಲದೆಯೇ ಕೋರ್ಟು ಬ್ಯಾಂಕಿನ ಪರ ತೀರ್ಪು ಕೊಟ್ಟು ಎಕ್ಸ್‌ಪಾರ್ಟಿ ಡಿಕ್ರಿ ಆಯಿತು. ಈಗ ಬಡ್ಡಿ, ಖರ್ಚು ಸೇರಿ 9 ಲಕ್ಷದ ಮೇಲಿದೆ.

ಮೊನ್ನೆ ಚೀಲ ಹೊಲಿಯುವ ದಬ್ಬಳ ಹುಡುಕುವಾಗ ಹಲಗೆ ಕೆಳಗೆ ಒಂದು ಕಾಗದ ಸಿಕ್ಕಿತು. ನಾಲ್ಕು ಮಡಿಕೆ. ಸಿವಿಲ್ ಜೈಲಿಗೆ ಯಾಕೆ ಕಳಿಸಬಾರದು, ಕಾರಣ ತೋರಿಸಿ ಅಂತ ಇತ್ತು. ಆ ಸಾಲಿನ ಮೇಲೇ ಅಪ್ಪನ ಬೆರಳಿನ ಮಸಿ ಜಾಸ್ತಿ ಹತ್ತಿದೆ. ಎಷ್ಟು ಸಲ ಓದಿದ್ದರೋ. ವಾಯಿದೆ ಮುಂದಿನ ವಾರ. 62 ವರ್ಷ ಅವರಿಗೆ. ನಿಜವಾಗಿಯೂ ಹಿಡಿದುಕೊಂಡು ಹೋಗುತ್ತಾರಾ? ಅವ್ವನನ್ನೂ?

ಹಳೇ ಗುಮಾಸ್ತ, ಚಿತ್ರದುರ್ಗ:

ತಮ್ಮಾ, ಇದನ್ನು ಅಪ್ಪನಿಗೆ ಓದಿ ಹೇಳು. ನಾನು ಕೋರ್ಟಿನಲ್ಲಿ ಅಮಲ್ಜಾರಿ, ಅಂದರೆ ಡಿಕ್ರಿ ಜಾರಿ ಮಾಡಿಸುವ ಫೈಲುಗಳನ್ನು ನೋಡಿಕೊಂಡೇ ನಿವೃತ್ತಿಯಾದವನು.

ಅವ್ವನ ಚಿಂತೆ ಬಿಡು. ಹಣದ ಡಿಕ್ರಿಗೆ ಹೆಂಗಸರನ್ನು ಬಂಧಿಸುವಂತಿಲ್ಲ, ಸಿಪಿಸಿ ಅಂದರೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 56ನೇ ಕಲಂ. ಜಾಮೀನು ಹಾಕಿದ್ದಕ್ಕೆ ಅವರ ಆಸ್ತಿಯನ್ನು ಜಪ್ತಿ ಕೇಳಬಹುದು, ಅದು ಬೇರೆ ಮಾತು. ಆಗಲೂ ಅಡುಗೆ ಪಾತ್ರೆ, ಹಾಸಿಗೆ, ತಾಳಿ ಮುಟ್ಟುವಂತಿಲ್ಲ. 60ನೇ ಕಲಂ ಅದು.

ಅಪ್ಪನಿಗೆ ಹೆಚ್ಚೆಂದರೆ 3 ತಿಂಗಳು ಅನ್ನುತ್ತದೆ ಕಾನೂನು. ಆದರೆ ಕೈಯಲ್ಲಿ ದುಡ್ಡಿಲ್ಲ ಅನ್ನುವ ಒಂದೇ ಕಾರಣಕ್ಕೆ ಜೈಲಿಗೆ ಹಾಕುವಂತಿಲ್ಲ. 1980ರಲ್ಲಿ ಜಾಲಿ ಜಾರ್ಜ್ ವರ್ಗೀಸ್ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಹೇಳಿದೆ. ಅಲ್ಲೂ ಸಾಲ ಕೊಟ್ಟಿದ್ದು ಬ್ಯಾಂಕೇ. ಇದ್ದೂ ಕೊಡದವರು, ಆಸ್ತಿ ಬಚ್ಚಿಟ್ಟವರು, ಅಂಥವರಿಗೆ ಈ ಜೈಲು. ಆದರೆ ನನ್ನ ಹತ್ತಿರ ಇಲ್ಲ ಸ್ವಾಮಿ ಅಂತ ಹೇಳುವುದಕ್ಕೆ ಅಪ್ಪ ಅಲ್ಲಿ ನಿಂತಿರಬೇಕಲ್ವಾ? ವಾಯಿದೆಗೆ ಹೋಗದಿದ್ದರೆ ಬ್ಯಾಂಕಿನವರು ವಾರೆಂಟ್ ಕೇಳುತ್ತಾರೆ, ಹೊರಡುತ್ತದೆ. ನನ್ನ ಕೈಯಿಂದ ಹೋದ ವಾರೆಂಟುಗಳಲ್ಲಿ ಹೆಚ್ಚಿನವು ಹೀಗೆ ಹೆದರಿ ಮನೆಯಲ್ಲಿ ಕೂತವರವು. ಅದನ್ನು ನೆನೆಸಿಕೊಂಡರೆ ಈಗಲೂ ಹೊಟ್ಟೆ ಉರಿಯುತ್ತದೆ.

ಪಾಸ್‌ಬುಕ್, ಭಟ್ಟಿ ಲೆಕ್ಕದ ಪುಸ್ತಕ, ಆಸ್ಪತ್ರೆ ಬಿಲ್ ಇದ್ದರೆ ಅದೂ, ಎಲ್ಲಾ ತೆಗೆದುಕೊಂಡು ಹೋಗಿ. ವಕೀಲರಿಗೆ ಕೊಡಲು ಆಗದಿದ್ದರೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ, ಇಲ್ಲಾ 15100ಕ್ಕೆ ಫೋನ್ ಮಾಡಿ. ಅವ್ವನಿಗೆ ವರಮಾನ ನೋಡದೇ ವಕೀಲರನ್ನು ಕೊಡುತ್ತಾರೆ.

ಶೇಂಗಾ ಗಾಣ, ಚಳ್ಳಕೆರೆ:

ನಾನೂ ಈ ದಾರಿಯಲ್ಲಿ ನಡೆದವನು. ನನ್ನ ತಪ್ಪು ನೀವು ಮಾಡಬೇಡಿ. ಡಿಕ್ರಿ ಆದಮೇಲೆ ಬ್ಯಾಂಕಿನ ಕೌಂಟರಿನಲ್ಲಿ ಎರಡು ಸಲ 20 ಸಾವಿರ ಕಟ್ಟಿದೆ. ರಸೀದಿ ಗಾಣದ ಗೋಡೆಗೆ ಸಿಕ್ಕಿಸಿ ಸುಮ್ನೆ ಕೂತೆ. ಕೋರ್ಟಿನಲ್ಲಿ ಪೂರ್ತಿ ಮೊತ್ತವೇ ಕೇಳಿದರು. ಹೊರಗೆ ಕಟ್ಟಿದ್ದನ್ನು ಕೋರ್ಟಿನಲ್ಲಿ ದಾಖಲು ಮಾಡಿಸದಿದ್ದರೆ ಅಮಲ್ಜಾರಿಯಲ್ಲಿ ಅದು ಲೆಕ್ಕಕ್ಕಿಲ್ಲವಂತೆ. ದಾಖಲು ಮಾಡಿ ಅಂತ ನಾವು ಅರ್ಜಿ ಹಾಕಲು 30 ದಿನ ಮಾತ್ರ.

ಆಮೇಲೆ ಲೋಕ ಅದಾಲತ್‌ನಲ್ಲಿ ಕೂತು ಮಾತಾಡಿದೆವು. ರಸೀದಿ ತೋರಿಸಿದೆ, ಆ 40 ಸಾವಿರ ಹಿಡಿದರು, ಬಡ್ಡಿಯಲ್ಲೂ ಒಂದಿಷ್ಟು ಬಿಟ್ಟರು. ಉಳಿದದ್ದಕ್ಕೆ 10 ಕಂತು. ಆದರೆ ಅಲ್ಲಿ ಸಹಿ ಹಾಕಿದ್ದು ಡಿಕ್ರಿಗೆ ಸಮ, ಮೇಲೆ ಅಪೀಲು ಇಲ್ಲ. ಭಟ್ಟಿಯಿಂದ ತಿಂಗಳಿಗೆ ಎಷ್ಟು ಉಳಿಯುತ್ತದೆ ಅಂತ ಮನೆಯಲ್ಲೇ ಕೂಡಿಸಿಕೊಂಡು ಹೋಗಿ. ಮುಲಾಜಿಗೆ ಬಿದ್ದು ದೊಡ್ಡ ಕಂತಿಗೆ ಹ್ಞೂಂ ಅನ್ನಬೇಡಿ.

ಭಟ್ಟಿಮನೆ ಹುಡುಗ:

ಇಬ್ಬರಿಗೂ ಕೈ ಮುಗಿಯುತ್ತೇನೆ. ಅಪ್ಪನಿಗೆ ಎರಡು ಸಲ ಓದಿ ಹೇಳಿದೆ. ಅವ್ವನನ್ನು ಒಯ್ಯಲ್ಲ ಅಂದಾಗ ಅಪ್ಪ ಅತ್ತುಬಿಟ್ಟರು. ಅವರು ಹೆದರಿದ್ದು ಅದಕ್ಕೇ ಅಂತೆ. 2021ರಲ್ಲಿ ಕಟ್ಟಿದ 15 ಸಾವಿರದ ಒಂದು ರಸೀದಿ ಇದೆ, ಅದು ಡಿಕ್ರಿಗಿಂತ ಮುಂಚಿನದು. ಅದನ್ನೂ ತರಬೇಕಾ ಸಾರ್?

ಹಳೇ ಗುಮಾಸ್ತ:

ತಾ ತಮ್ಮಾ. ಡಿಕ್ರಿಗಿಂತ ಹಿಂದಿನದನ್ನು ಅಮಲ್ಜಾರಿಯಲ್ಲಿ ಕಳೆಯುವುದಿಲ್ಲ. ಆದರೆ ರಾಜಿಗೆ ಕೂತಾಗ ಮ್ಯಾನೇಜರ್ ಮುಂದೆ ಇಡಬಹುದು. ಮೊದಲು ಒಂದು ಜೆರಾಕ್ಸ್ ಮಾಡಿಸು, ಆ ರಸೀದಿಗಳ ಶಾಯಿ ಅಳಿಸಿ ಹೋಗುತ್ತದೆ.